ಕಥೆಯಿಲ್ಲದ ಕಿರುಚಿತ್ರ: ನೋಡುವುದು ಹೇಗೆ, ತೋರಿಸುವುದು ಹೇಗೆ?

ತುಂಗೆದಂಡೆ (ಶಿವಮೊಗ್ಗ)

ನಾವು ಕೆಲವರು ಸೇರಿ ತಿಂಗಳಿಗೊಮ್ಮೆ ಕಿರುಚಿತ್ರ ತೋರಿಸುತ್ತೇವೆ. ಗೆಳೆಯರೊಬ್ಬರ ಮಹಡಿ ಮೇಲಿನ ಹಾಲ್, ಒಂದು ಪ್ರೊಜೆಕ್ಟರ್, ಸುಣ್ಣ ಹೊಡೆದ ಗೋಡೆ. ಬರುವವರಲ್ಲಿ ಕಾಲೇಜು ಹುಡುಗ ಹುಡುಗಿಯರು, ನಾಟಕದವರು, ನಿವೃತ್ತ ಮೇಷ್ಟ್ರುಗಳು ಎಲ್ಲರೂ ಇದ್ದಾರೆ. ಈ ಸಲ ಚಿತ್ರಕಾರ ಎಂ.ಎಫ್. ಹುಸೇನ್ 1967ರಲ್ಲಿ ಸರ್ಕಾರದ ಫಿಲ್ಮ್ಸ್ ಡಿವಿಷನ್‌ಗಾಗಿ ಮಾಡಿದ ‘ಥ್ರೂ ದಿ ಐಸ್ ಆಫ್ ಎ ಪೇಂಟರ್’ ಹಾಕಿದೆವು. ರಾಜಸ್ಥಾನದಲ್ಲಿ ತೆಗೆದ ಕಪ್ಪು-ಬಿಳುಪು ಚಿತ್ರ. ಕೋಟೆಯ ಗೋಡೆ, ಓಣಿ, ಮರಳು, ಜನ, ಹಸು. ಇವುಗಳ ನಡುವೆ ಒಂದು ಕೊಡೆ, ಒಂದು ಲಾಟೀನು, ಒಂದು ಚಪ್ಪಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತವೆ. ಕಥೆಯಿಲ್ಲ, ಸಂಭಾಷಣೆಯಿಲ್ಲ. ವಿಜಯ ರಾಘವ ರಾವ್ ಅವರ ಸಂಗೀತ ಮಾತ್ರ ಜೊತೆಗೆ ಬರುತ್ತದೆ. ಅದೇ ವರ್ಷ ಬರ್ಲಿನ್‌ನಲ್ಲಿ ಕಿರುಚಿತ್ರ ವಿಭಾಗದ ಚಿನ್ನದ ಕರಡಿ ಇದಕ್ಕೆ ಬಂತು.

ದೀಪ ಹಾಕಿದ ಕೂಡಲೇ ಬಂದ ಪ್ರಶ್ನೆ: “ಕೊಡೆ ಯಾವುದರ ಸಂಕೇತ?” ಒಬ್ಬರು ನೆರಳು ಅಂದರು, ಇನ್ನೊಬ್ಬರು ಬ್ರಿಟಿಷರು ಅಂದರು, ಮತ್ತೊಬ್ಬರು ಬರಗಾಲ ಅಂದರು. ಅರ್ಧ ಗಂಟೆ ಇದೇ ನಡೆಯಿತು. ಆ ಕೊಡೆಯನ್ನು ಎಲ್ಲಿ ಇಟ್ಟಿದ್ದರು, ಅದರ ಕಪ್ಪು ಬಣ್ಣ ಸುತ್ತಲಿನ ಬಿಸಿಲಿನ ಬಿಳುಪನ್ನು ಏನು ಮಾಡುತ್ತಿತ್ತು, ಅದರ ಮುಂದಿನ ಚಿತ್ರ ಯಾವುದು ಎಂಬ ಮಾತನ್ನು ಯಾರೂ ಎತ್ತಲಿಲ್ಲ. ನನಗನ್ನಿಸಿದ್ದು ಇಷ್ಟು: ‘ಪದ್ಯದ ಸಾರಾಂಶ ಬರೆಯಿರಿ’ ಎಂದು ಶಾಲೆಯಲ್ಲಿ ಕಲಿತದ್ದು ನಮ್ಮ ಕಣ್ಣಿಗೂ ಅಂಟಿಕೊಂಡಿದೆ. ಅರ್ಥ ಸಿಕ್ಕಿತು ಅನ್ನುವಷ್ಟರಲ್ಲಿ ನೋಡುವುದು ನಿಂತುಹೋಗುತ್ತದೆ. ಸಂಕೇತ ಹುಡುಕುವುದೂ ಕಥೆ ಹುಡುಕುವುದೂ ನೋಡದೇ ತಪ್ಪಿಸಿಕೊಳ್ಳುವ ಎರಡು ದಾರಿಗಳು.

ಮುಂದಿನ ತಿಂಗಳು ಇಂಥವೇ ಮೂರು ನಾಲ್ಕು ಚಿತ್ರ ಹಾಕಬೇಕೆಂದಿದ್ದೇವೆ. ಚಿತ್ರಕ್ಕೆ ಮೊದಲು ಪರಿಚಯ ಹೇಳಬೇಕೋ, ಸುಮ್ಮನೆ ದೀಪ ಆರಿಸಬೇಕೋ? ಅನುಭವ ಇದ್ದವರು ದಯವಿಟ್ಟು ಹೇಳಿ.

ಬೆಳಕುನೆರಳು (ಬೆಂಗಳೂರು)

ಹೇಳಬೇಡಿ ಅನ್ನುವುದು ನನ್ನ ಅಭಿಪ್ರಾಯ. ಅಥವಾ ಒಂದೇ ಒಂದು ಮಾತು ಹೇಳಿ: “ಮುಗಿದ ಮೇಲೆ ಏನರ್ಥ ಅಂತ ಕೇಳುವುದಿಲ್ಲ, ಏನು ಕಂಡಿರಿ ಅಂತ ಕೇಳುತ್ತೇವೆ.” ಇಷ್ಟು ಹೇಳಿದರೆ ಕೂತವರ ಬೆನ್ನು ನೆಟ್ಟಗಾಗುತ್ತದೆ.

ನಾನು ಕ್ಯಾಮೆರಾ ಅಸಿಸ್ಟೆಂಟ್ ಆಗಿ ದುಡಿಯುತ್ತಿದ್ದಾಗ ಕಲಿತದ್ದೊಂದಿದೆ. ನಮ್ಮ ಕಣ್ಣು ನಿಜಕ್ಕೂ ಚೂಪಾಗಿ ಕಾಣುವುದು ಬಹಳ ಸಣ್ಣ ಜಾಗವನ್ನು. ಕೈ ಚಾಚಿ ಹಿಡಿದ ಹೆಬ್ಬೆರಳಿನ ಉಗುರಿನಷ್ಟು, ಸುಮಾರು 2 ಡಿಗ್ರಿ. ಉಳಿದದ್ದೆಲ್ಲ ಮಸಕು. ಕಣ್ಣು ಸೆಕೆಂಡಿಗೆ ಹೆಚ್ಚು ಕಡಿಮೆ ಮೂರು ಸಲ ಜಿಗಿಯುತ್ತಾ ಆ ಸಣ್ಣ ಚೂಪನ್ನು ಅಲ್ಲಲ್ಲಿ ಇಡುತ್ತದೆ, ಮಿಕ್ಕದ್ದನ್ನು ಮನಸ್ಸು ತುಂಬಿಕೊಳ್ಳುತ್ತದೆ. ಕಥೆ ಹೇಳುವ ಸಿನಿಮಾ ಈ ಜಿಗಿತವನ್ನು ತಾನೇ ನಡೆಸುತ್ತದೆ. ಮುಖಕ್ಕೊಂದು ಕ್ಲೋಸಪ್, ಕೈಯಲ್ಲಿರುವ ಚಾಕುವಿಗೆ ಒಂದು ಕಟ್. ನಾವು ನೋಡಿದ್ದು ಸಿನಿಮಾದ ಎಡಿಟರ್ ನೋಡು ಎಂದದ್ದನ್ನು. ಶಾಟ್ ಕದಲದೆ ನಿಂತರೆ, ಅಥವಾ ಚಿತ್ರಗಳು ಯಾವ ಕಥೆಗೂ ಸೇರದೆ ಬಂದರೆ, ಎಲ್ಲಿ ನೋಡಬೇಕು ಎಂಬುದನ್ನು ನಮ್ಮ ಕಣ್ಣೇ ತೀರ್ಮಾನಿಸಬೇಕಾಗುತ್ತದೆ. ಮೊದಲ ಎರಡು ನಿಮಿಷ ಜನರಿಗೆ ಆಗುವ ಚಡಪಡಿಕೆ ಇದೇ. ಅದನ್ನು ಬೇಸರ ಎಂದುಕೊಂಡು ಎದ್ದುಹೋಗುವವರು ಬಹಳ. ಕೂತವರಿಗೆ ಸ್ವಲ್ಪ ಹೊತ್ತಿಗೆ ಕಣ್ಣು ತನ್ನ ಪಾಡಿಗೆ ತಾನು ಅಡ್ಡಾಡಲು ಶುರುಮಾಡಿದ್ದು ಗೊತ್ತಾಗುತ್ತದೆ.

ಹುಸೇನ್ ಚಿತ್ರದ ಬಗ್ಗೆ ಇನ್ನೊಂದು. ಇದನ್ನು ಸರ್ಕಾರಿ ಸಂಸ್ಥೆ ಮಾಡಿಸಿತು ಎಂಬುದನ್ನು ಮರೆಯಬಾರದು. ಫಿಲ್ಮ್ಸ್ ಡಿವಿಷನ್ 1948ರಲ್ಲಿ ಹುಟ್ಟಿದ್ದು ಅಣೆಕಟ್ಟು, ಕುಟುಂಬ ಯೋಜನೆ, ನೆರೆ ಪರಿಹಾರಗಳ ಚಿತ್ರ ಮಾಡಲಿಕ್ಕೆ. ಅರವತ್ತರ ದಶಕದ ನಡುವೆ ನಿರ್ಮಾಪಕ ಜೀನ್ ಭೌನಗರಿ ಅಲ್ಲಿದ್ದಾಗ ಬಾಗಿಲು ತೆರೆಯಿತು. ಹುಸೇನ್ ಕೈಗೆ ಕ್ಯಾಮೆರಾ ಕೊಟ್ಟದ್ದು ಆಗಲೇ. ಪ್ರಮೋದ್ ಪತಿಯವರ ‘ಎಕ್ಸ್‌ಪ್ಲೋರರ್’ (1968) ನೋಡಿ. ಏಳು ನಿಮಿಷ ಕಣ್ಣಿಗೆ ಹೊಡೆದಂತೆ ಚಿತ್ರಗಳು ಬಂದು ಬಂದು ಹೋಗುತ್ತವೆ. ಪ್ರಮೋದ್ ಪತಿ ಜೆಕೊಸ್ಲೊವಾಕಿಯಾದಲ್ಲಿ ಗೊಂಬೆ ಸಿನಿಮಾ ಕಲಿತು ಬಂದವರು. 1972ರ ‘ಆಬಿದ್’ನಲ್ಲಿ ಕಲಾವಿದ ಆಬಿದ್ ಸುರತಿಯನ್ನೇ ಗೊಂಬೆಯಂತೆ ಒಂದೊಂದೇ ಫ್ರೇಮಿನಲ್ಲಿ ಸರಿಸಿ ಸರಿಸಿ ತೆಗೆದರು.

ಸಾಧನಕೇರಿ (ಧಾರವಾಡ)

ನಾ ಬ್ಯಾರೆ ಮಾತ ಹೇಳ್ತೀನ್ರಿ, ಸಿಟ್ಟಾಗಬ್ಯಾಡ್ರಿ. ಸಿನಿಮಾ ಅಂದ್ರ ಕಥಿ ಬೇಕು. ಕಥಿ ಇಲ್ಲದಿದ್ರ ಹಾಡರ ಬೇಕು. ಏನೂ ಇಲ್ಲದ ಹತ್ತು ನಿಮಿಷ ಗ್ವಾಡಿ ತೋರಿಸಿ ‘ಪ್ರಯೋಗ’ ಅಂದ್ರ ಅದಕ್ಕ ದುಡಿಮಿ ಎಲ್ಲೈತ್ರಿ? ನಮ್ಮ ಹುಡುಗ್ರು ಕಿರುಚಿತ್ರ ಸ್ಪರ್ಧಾಕ್ಕ ಅಂತ ಹೊಲಾ ಮಾರೂದೊಂದು ಬಾಕಿ, ಅಷ್ಟು ಸಾಲಾ ಮಾಡಿ, ನಟರನ್ನ ಕಾಡಿ ಬೇಡಿ ತಂದು ಮಾಡ್ತಾರ. ಅವರ ಕೆಲಸಾ ಕಡಿಮಿ ಅನಿಸೂ ಹಂಗ ಮಾತಾಡೂದು ನನಗ ಸರಿ ಕಾಣಂಗಿಲ್ಲ. ಟ್ರೈಪಾಡ್ ಮ್ಯಾಲೆ ಕ್ಯಾಮೆರಾ ಇಟ್ಟು ಚಾ ಕುಡಿಲಿಕ್ಕೆ ಹೋದಾಂವನೂ ಕಲಾವಿದ ಆಗತಾನ ಅಂದ್ರ ಅಳತಿ ಏನು?

ನೋಡೂದು ದೊಡ್ಡದು, ಒಪ್ಪತೀನಿ. ಆದ್ರ ಅದನ್ನ ನಾ ಬಯಲಾಗ ನಿಂತು ಮಾಡ್ಲಿಕ್ಕೆ ಬರತೈತಿ. ಸಿನಿಮಾ ಯಾಕ ಬೇಕ್ರಿ?

ಕತ್ತರಿಅಂಟು (ಬೆಂಗಳೂರು)

ಸಾಧನಕೇರಿ ಸರ್, ನಿಮ್ಮ ಪ್ರಶ್ನೆಯನ್ನು ನಾನು ಗೌರವದಿಂದ ತೆಗೆದುಕೊಳ್ಳುತ್ತೇನೆ. ಎಡಿಟಿಂಗ್ ನನ್ನ ಹೊಟ್ಟೆಪಾಡು. ಸುಮ್ಮನೆ ಬಿಟ್ಟ ಶಾಟ್‌ಗೂ ಯೋಚಿಸಿ ಬಿಟ್ಟ ಶಾಟ್‌ಗೂ ಇರುವ ವ್ಯತ್ಯಾಸ ಮೇಜಿನ ಮುಂದೆ ಕೂತರೆ ಬೇಗ ಗೊತ್ತಾಗುತ್ತದೆ. ‘ಪ್ರಾಯೋಗಿಕ’ ಎಂಬ ಹೆಸರಿನಲ್ಲಿ ಸೋಮಾರಿತನ ನಡೆಯುತ್ತದೆ, ಅದನ್ನು ನಾನೂ ಬಲ್ಲೆ. ಉದ್ದವಾಗಿರುವುದು ಗುಣವೇನಲ್ಲ. ದುಡಿಮೆ ಎಲ್ಲಿದೆ ಎಂದು ಕೇಳಿದಿರಲ್ಲ, ಎರಡು ಚಿತ್ರ ಹೇಳುತ್ತೇನೆ.

ಸ್ಟಾನ್ ಬ್ರಾಕೇಜ್ ಎಂಬ ಅಮೆರಿಕದವರು 1963ರಲ್ಲಿ ‘ಮಾತ್‌ಲೈಟ್’ ಮಾಡಿದರು. ಕೈಯಲ್ಲಿ ಫಿಲ್ಮ್ ಕೊಳ್ಳಲು ದುಡ್ಡಿರಲಿಲ್ಲ. ದೀಪಕ್ಕೆ ಬಂದು ಬಿದ್ದ ಪತಂಗಗಳ ರೆಕ್ಕೆ, ಹೂವಿನ ಎಸಳು, ಹುಲ್ಲಿನ ಗರಿ, ಎಲೆ ಇವನ್ನೆಲ್ಲ ಆರಿಸಿ, ಫಿಲ್ಮ್ ಜೋಡಿಸಲು ಬಳಸುವ 16 ಎಂಎಂ ಅಗಲದ ಪಾರದರ್ಶಕ ಟೇಪಿನ ಎರಡು ಪಟ್ಟಿಗಳ ನಡುವೆ ಒತ್ತಿ ಅಂಟಿಸಿದರು. ಕ್ಯಾಮೆರಾ ಇಲ್ಲವೇ ಇಲ್ಲ. ಆ ಪಟ್ಟಿಯಿಂದ ಲ್ಯಾಬಿನಲ್ಲಿ ಪ್ರಿಂಟ್ ತೆಗೆಸಿದರು. ಶಬ್ದವೂ ಇಲ್ಲದ, ನಾಲ್ಕು ನಿಮಿಷವೂ ತುಂಬದ ಚಿತ್ರ. ಈಗ ಅದರೊಳಗಿನ ಲೆಕ್ಕ ನೋಡಿ. 16 ಎಂಎಂನ ಒಂದು ಫ್ರೇಮಿನ ಎತ್ತರ ಸುಮಾರು ಏಳೂವರೆ ಮಿಲಿಮೀಟರ್. ಎರಡೂವರೆ ಸೆಂಟಿಮೀಟರ್ ಉದ್ದದ ರೆಕ್ಕೆಯನ್ನು ಉದ್ದಕ್ಕೆ ಅಂಟಿಸಿದರೆ ಅದು ಮೂರು ಫ್ರೇಮಿಗೂ ಮಿಕ್ಕಿ ಹರಡುತ್ತದೆ. ಪ್ರೊಜೆಕ್ಟರ್ ಅದನ್ನು ತುಂಡು ತುಂಡಾಗಿ, ಸೆಕೆಂಡಿಗೆ 24ರಂತೆ ಬೆಳಕಿನ ಮುಂದೆ ಹಿಡಿಯುತ್ತದೆ. ಮೊದಲ ತುಂಡು ರೆಕ್ಕೆಯ ಬುಡ, ಎರಡನೆಯದು ನರಗಳ ಜಾಲ, ಮೂರನೆಯದು ಹರಿದ ಅಂಚು. ಸತ್ತ ರೆಕ್ಕೆ ತೆರೆಯ ಮೇಲೆ ಪಟಪಟ ಬಡಿಯತೊಡಗುತ್ತದೆ. ನೀವು ಬಯಲಿನಲ್ಲಿ ನಿಂತು ಪತಂಗವನ್ನು ನೋಡಬಹುದು ಸರ್, ಆದರೆ ರೆಕ್ಕೆಯ ಒಳಗಿನಿಂದ ಬೆಳಕು ಹಾದು ಬರುವುದನ್ನು ಹೀಗೆ ನೋಡಲಾಗದು. ಸಿನಿಮಾ ಯಾಕೆ ಬೇಕು ಎಂಬುದಕ್ಕೆ ನನ್ನ ಉತ್ತರ ಇದು.

ಎರಡನೆಯದು ಬೆಲ್ಜಿಯಂನ ನಿರ್ದೇಶಕಿ ಶಾಂತಲ್ ಅಕರ್‌ಮನ್ ಅವರ ‘ಲಾ ಶಾಂಬ್ರ್’ (1972), 11 ನಿಮಿಷ. ನ್ಯೂಯಾರ್ಕಿನ ಒಂದು ಸಣ್ಣ ಕೋಣೆ. ಛಾಯಾಗ್ರಾಹಕಿ ಬಾಬೆಟ್ ಮಾಂಗೋಲ್ಟ್ ಕ್ಯಾಮೆರಾವನ್ನು ನಡುವೆ ನಿಲ್ಲಿಸಿ ನಿಧಾನವಾಗಿ ಸುತ್ತಿಸುತ್ತಾರೆ. ಕುರ್ಚಿ, ಮೇಜು, ಕೆಟಲ್, ಕಿಟಕಿ, ಹಾಸಿಗೆ; ಹಾಸಿಗೆಯಲ್ಲಿ ಅಕರ್‌ಮನ್. ಕ್ಯಾಮೆರಾ ಅವರ ಮೇಲೆ ನಿಲ್ಲುವುದೂ ಇಲ್ಲ, ಕೆಟಲ್‌ಗೆ ಕೊಟ್ಟಷ್ಟೇ ಹೊತ್ತು ಕೊಟ್ಟು ಮುಂದೆ ಹೋಗುತ್ತದೆ. ಮತ್ತೊಂದು ಸುತ್ತು ಬಂದಾಗ ಅವರು ಬೇರೆ ಭಂಗಿಯಲ್ಲಿರುತ್ತಾರೆ, ಇನ್ನೊಮ್ಮೆ ಸೇಬು ತಿನ್ನುತ್ತಿರುತ್ತಾರೆ. ನಮ್ಮ ಕಣ್ಣು ಮನುಷ್ಯರನ್ನೇ ಹುಡುಕುತ್ತದೆ, ಅವರಿಗಾಗಿ ಕಾಯುತ್ತದೆ. ನಂತರ ಒಂದು ಗಳಿಗೆಯಲ್ಲಿ ಕ್ಯಾಮೆರಾ ಸುತ್ತುವ ದಿಕ್ಕನ್ನೇ ಬದಲಿಸುತ್ತದೆ. ಏನೂ ಘಟಿಸದ ಚಿತ್ರದಲ್ಲಿ ಅದೊಂದು ದೊಡ್ಡ ಘಟನೆ. ಆ ತಿರುವನ್ನು ಎಲ್ಲಿ ಇಡಬೇಕು ಎಂದು ಗೊತ್ತಾಗಲು ಎಂಥ ಕಿವಿ, ಎಂಥ ಕಣ್ಣು ಬೇಕು! ಅಕರ್‌ಮನ್‌ಗೆ ಆಗ ಇಪ್ಪತ್ತೆರಡರ ವಯಸ್ಸು.

ನೀಲಿಪರದೆ (ಹಾಸನ)

ಇಲ್ಲಿಯವರೆಗೆ ಎಲ್ಲರೂ ‘ಕಣ್ಣು’ ಎನ್ನುವಾಗ ಅದು ಯಾರ ಕಣ್ಣು ಎಂದು ಕೇಳಲೇ ಇಲ್ಲ. ನಾನು ಕೇಳುತ್ತೇನೆ.

ಹತ್ತು ನಿಮಿಷ ಒಂದೇ ಕಡೆ ನಿಂತು ನೋಡಿ ಎನ್ನುವುದು ಗಂಡಸರಿಗೆ ಕೊಟ್ಟ ಸಲಹೆಯಾದರೆ ಸುಲಭ. ಸಂತೆಯಲ್ಲಿ, ಬಸ್ ಸ್ಟ್ಯಾಂಡಿನಲ್ಲಿ, ಕೆರೆ ಏರಿಯ ಮೇಲೆ ಹೆಂಗಸೊಬ್ಬಳು ಯಾವ ಕೆಲಸವೂ ಇಲ್ಲದೆ ನಿಂತು ಸುತ್ತ ನೋಡುತ್ತಿದ್ದರೆ ಎರಡನೇ ನಿಮಿಷಕ್ಕೆ ಯಾರಾದರೂ ಬಂದು “ಯಾರಿಗೆ ಕಾಯ್ತಿದ್ದೀರಮ್ಮ?” ಎನ್ನುತ್ತಾರೆ. ಕ್ಯಾಮೆರಾ ಇದ್ದರೆ ಇನ್ನೂ ಹೆಚ್ಚು. ಅರಸೀಕೆರೆಯ ಸಂತೆಯಲ್ಲಿ ನಾನು ಟ್ರೈಪಾಡ್ ನಿಲ್ಲಿಸಿದಾಗ ಆದದ್ದು ಅದೇ. ತೆಂಗಿನಕಾಯಿ ರಾಶಿಯನ್ನು ಎರಡೆರಡಾಗಿ ಎಣಿಸಿ ಹಾಕುವವರ ಕೈಗಳನ್ನು ತೆಗೆಯಬೇಕೆಂದುಕೊಂಡಿದ್ದೆ. ಫ್ರೇಮಿನ ತುಂಬ ಬಂದದ್ದು ನನ್ನನ್ನು ನೋಡುತ್ತಾ ನಿಂತ ಗಂಡಸರ ಸಾಲು. ಕೆಲವರು ನಗುತ್ತಾ, ಕೆಲವರು ಹುಬ್ಬು ಗಂಟಿಕ್ಕಿ, ಒಬ್ಬರು ಬೆನ್ನ ಹಿಂದೆ ಕೈಕಟ್ಟಿ ಲೆನ್ಸಿನ ಹತ್ತಿರಕ್ಕೇ ಬಂದು. ಆ ತುಣುಕನ್ನು ನಾನು ಅಳಿಸಲಿಲ್ಲ. ಅದನ್ನೇ ಚಿತ್ರವಾಗಿ ಇಟ್ಟುಕೊಂಡಿದ್ದೇನೆ, ಏಕೆಂದರೆ ಅಲ್ಲಿ ನಡೆದ ನೋಟದ ನಿಜ ಅದೇ.

ಆದ್ದರಿಂದ ಅಕರ್‌ಮನ್ ತಮ್ಮ ಕೋಣೆಯಲ್ಲೇ ಕ್ಯಾಮೆರಾ ಇಟ್ಟು, ತಾವೇ ಅದರ ಮುಂದೆ ಮಲಗಿ, ಲೆನ್ಸನ್ನು ನೇರವಾಗಿ ನೋಡಿದ್ದು ನನಗೆ ಬಹಳ ದೊಡ್ಡ ಸಂಗತಿಯಾಗಿ ಕಾಣುತ್ತದೆ. ಅವರಿಗಿಂತ ಮೊದಲು ಮಾಯಾ ಡೆರೆನ್ 1943ರಲ್ಲಿ ಗಂಡ ಅಲೆಕ್ಸಾಂಡರ್ ಹಮಿದ್ ಜೊತೆ ಲಾಸ್ ಏಂಜಲೀಸಿನ ತಮ್ಮ ಮನೆಯಲ್ಲೇ ‘ಮೆಶಸ್ ಆಫ್ ದಿ ಆಫ್ಟರ್‌ನೂನ್’ ಮಾಡಿದರು. 14 ನಿಮಿಷ. ಬೀಗದ ಕೈ, ಬ್ರೆಡ್ ಕೊಯ್ಯುವ ಚಾಕು, ಮೆಟ್ಟಿಲು, ಕಿಟಕಿ, ದಿನವೂ ಮುಟ್ಟುವ ಸಾಮಾನುಗಳು. ಅದರಲ್ಲೊಂದು ಕಡೆ ಅವರು ಚಾಕು ಹಿಡಿದು ಎದ್ದು ನಡೆಯುತ್ತಾರೆ. ಒಂದು ಹೆಜ್ಜೆ ಮರಳಿನ ಮೇಲೆ, ಮುಂದಿನದು ಹುಲ್ಲಿನ ಮೇಲೆ, ಆಮೇಲಿನದು ಕಲ್ಲುಹಾಸಿನ ಮೇಲೆ, ಕೊನೆಯದು ಮನೆಯ ಜಮಖಾನದ ಮೇಲೆ. ಕುರ್ಚಿಯಿಂದ ಕುರ್ಚಿಗೆ ಇರುವ ನಾಲ್ಕಡಿ ದೂರ ದಾಟಲು ಒಂದು ಲೋಕವನ್ನೇ ತುಳಿದು ಬರಬೇಕು. ಮನೆಯೊಳಗೇ ಇರುವವರಿಗೆ ಆ ದೂರ ಗೊತ್ತು. ನಮ್ಮಲ್ಲಿ ಬೆಂಗಳೂರಿನ ಪುಷ್ಪಮಾಲಾ ಎನ್. 2004ರಲ್ಲಿ ಮಾಡಿದ 11 ನಿಮಿಷದ ‘ರಾಷ್ಟ್ರೀಯ ಖೀರ್ ಅಂಡ್ ದೇಸೀಯ ಸಲಾಡ್’ ಕೂಡ ಹೀಗೇ ಮನೆಯನ್ನೇ ಹಿಡಿದ ಚಿತ್ರ.

ಹುಸೇನರ ಚಿತ್ರ ನನಗೂ ಇಷ್ಟ. ಆದರೆ ಅದರಲ್ಲಿರುವ ಹೆಂಗಸರನ್ನು ಕೇಳಿದ್ದರೇ ಎಂಬ ಪ್ರಶ್ನೆಯನ್ನು ನಿಮ್ಮ ಹಾಲ್‌ನಲ್ಲಿ ಯಾರಾದರೂ ಎತ್ತಲಿ ಎಂದು ಆಸೆ.

ಮಲ್ಪೆಗಾಳಿ (ಉಡುಪಿ)

ನೀಲಿಪರದೆ ಅಕ್ಕ ಹೇಳಿದ್ದು ಸರಿ ಉಂಟು. ನಮ್ಮಲ್ಲಿ ಕನಕನ ಕಿಂಡಿ ಇಲ್ವಾ? ಒಳಗೆ ಬಿಡದ ಕಾರಣ ಗೋಡೆಯ ಹಿಂದೆ ನಿಂತ ಕನಕದಾಸರ ಕಡೆಗೆ ದೇವರೇ ತಿರುಗಿದ ಎಂಬುದು ಐತಿಹ್ಯ. ಯಾರು ಎಲ್ಲಿ ನಿಂತು ನೋಡಬಹುದು ಎಂದು ಊರು ಮೊದಲೇ ತೀರ್ಮಾನ ಮಾಡಿರುತ್ತದೆ. ಕ್ಯಾಮೆರಾ ಇಡುವ ಜಾಗ ಅಂದರೆ ನನಗೆ ಯಾವಾಗಲೂ ಅದೇ ನೆನಪಾಗುವುದು. ಫ್ರೇಮ್ ಚಂದ ಮಾಡುವುದು ಆಮೇಲೆ, ನಾನು ಗೋಡೆಯ ಯಾವ ಬದಿಯಲ್ಲಿ ಇದ್ದೇನೆ ಎಂಬುದು ಮೊದಲು.

ಮಲ್ಪೆ ಬಂದರಿನಲ್ಲಿ ಬೆಳಿಗ್ಗೆ ಏಲಂ ಆಗುವಾಗ ಡ್ರೋನ್ ಹಾರಿಸಿ ತೆಗೆದ ವಿಡಿಯೊ ಎಷ್ಟೋ ಉಂಟು, ಎಲ್ಲದರಲ್ಲೂ ಬೋಟುಗಳು ಆಟಿಕೆಯ ಹಾಗೆ ಕಾಣುವುದು. ಮೀನು ವಿಂಗಡಿಸುವ ಹೆಂಗಸರು ಕುಳಿತಷ್ಟೇ ಎತ್ತರದಲ್ಲಿ ಕ್ಯಾಮೆರಾ ಇಟ್ಟರೆ ಬೇರೆಯೇ ಬಂದರು ಕಾಣುವುದು ಮಾರಾಯ್ರೆ. ಸುತ್ತ ಬರೀ ಕಾಲುಗಳು, ಬುಟ್ಟಿಯ ಅಡಿ, ಮಂಜುಗಡ್ಡೆಯ ನೀರು.

ಹಳೇಮೇಷ್ಟ್ರು (ಸಾಗರ)

‘ನಮ್ಮ ಜನಕ್ಕೆ ಇದು ಅರ್ಥವಾಗುವುದಿಲ್ಲ’ ಎಂಬ ಮಾತು ಈ ಚರ್ಚೆಯಲ್ಲಿ ಇನ್ನೂ ಬಂದಿಲ್ಲ, ಸಂತೋಷ. ಬರುವುದಕ್ಕೆ ಮೊದಲೇ ಹೇಳಿಬಿಡುತ್ತೇನೆ. ಎಪ್ಪತ್ತರ ದಶಕದಲ್ಲಿ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು ನೀನಾಸಮ್ ಚಿತ್ರಸಮಾಜ ಕಟ್ಟಿ ಜಗತ್ತಿನ ಸಿನಿಮಾಗಳನ್ನು ಅಡಕೆ ತೋಟದ ಜನರ ಮುಂದೆ ಹಾಕಿದರು. ಭಾಷೆ ಬಾರದ, ಅಕ್ಷರವೂ ಬಾರದ ಹಲವರು ಕೂತು ನೋಡಿದರು. ನಮ್ಮ ಕಡೆಯವರು ಚಿತ್ರ ಮುಗಿದ ಮೇಲೆ ಆಡುತ್ತಿದ್ದ ಮಾತು ಬಹುಪಾಲು ಕಂಡದ್ದರ ಬಗ್ಗೆಯೇ. ಆ ಊರಿನ ಮಳೆ ಹೇಗೆ ಬೀಳುತ್ತದೆ, ಅವರು ಹಗ್ಗ ಹೇಗೆ ಹೊಸೆಯುತ್ತಾರೆ, ಆ ಹುಡುಗ ಓಡುವಾಗ ಚಡ್ಡಿ ಹೇಗೆ ಹಿಡಿದುಕೊಳ್ಳುತ್ತಾನೆ. ಸಂಕೇತ ಹುಡುಕುತ್ತಿದ್ದವರು ನಾವು ಮೇಷ್ಟ್ರುಗಳು.

ಫಿಲ್ಮ್ಸ್ ಡಿವಿಷನ್ ವಿಷಯ ಬಂತಲ್ಲ. ಆಗೆಲ್ಲ ಪ್ರತಿ ಟಾಕೀಸಿನಲ್ಲೂ ಮುಖ್ಯ ಚಿತ್ರಕ್ಕೆ ಮೊದಲು ಅವರ ಒಂದು ರೀಲು ಹಾಕಲೇಬೇಕೆಂಬ ಕಾನೂನಿತ್ತು. ವಾರ್ತಾಚಿತ್ರ ಶುರುವಾದರೆ ಜನ ಬೀಡಿ ಹಚ್ಚಲು ಹೊರಗೆ ಹೋಗುತ್ತಿದ್ದರು ನಿಜ. ಆದರೂ ರಾಜ್‌ಕುಮಾರ್ ಚಿತ್ರಕ್ಕೆಂದು ಟಿಕೆಟ್ ತೆಗೆದುಕೊಂಡು ಬಂದವರ ಕಣ್ಣಿನ ಮುಂದೆ ಎಂಥೆಂಥವೋ ಚಿತ್ರಗಳು ಹಾದುಹೋದವು. ಎಸ್.ಎನ್.ಎಸ್. ಶಾಸ್ತ್ರಿಯವರ ‘ಐ ಆಮ್ 20’ (1967) ಅಂಥದ್ದು. 1947ರಲ್ಲಿ ಹುಟ್ಟಿದವರನ್ನು ಇಪ್ಪತ್ತು ವರ್ಷದ ನಂತರ ಮಾತನಾಡಿಸಿದ ಚಿತ್ರ. ಅದರಲ್ಲಿ ಮಾತಿನಷ್ಟೇ ಮುಖಗಳೂ ಮುಖ್ಯ. ಈಗ ಇಂಥ ಚಿತ್ರ ನೋಡಬೇಕಾದವರು ಹುಡುಕಿಕೊಂಡು ಹೋಗಬೇಕು, ತಾನಾಗಿ ಎದುರಾಗುವುದಿಲ್ಲ. ಅದು ನಷ್ಟವೇ.

ಇನ್ನೊಂದು ಸೇರಿಸಲೇ? ಗಿರೀಶ ಕಾಸರವಳ್ಳಿಯವರು ಪುಣೆಯಲ್ಲಿ ಓದುವಾಗ ಮಾಡಿದ ‘ಅವಶೇಷ್’ ಎಂಬ ಡಿಪ್ಲೊಮಾ ಕಿರುಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂದಿತ್ತು. ‘ಘಟಶ್ರಾದ್ಧ’ಕ್ಕಿಂತ ಮೊದಲಿನದು. ನಮ್ಮವರು ನೋಡಲು ಕಲಿತದ್ದೂ ಸಣ್ಣ ಚಿತ್ರಗಳಲ್ಲೇ.

ಮೊದಲಶಾಟ್ (ಮೈಸೂರು)

ಎಲ್ಲರಿಗೂ ನಮಸ್ಕಾರ. ನಾನು ಬಿ.ಎ. ಓದುತ್ತಿದ್ದೇನೆ. ನನ್ನ ಹತ್ತಿರ ಫೋನ್ ಬಿಟ್ಟರೆ ಏನೂ ಇಲ್ಲ. ನೋಡುವುದನ್ನು ಅಭ್ಯಾಸ ಮಾಡಲು ಏನಾದರೂ ಹೇಳಿಕೊಡುತ್ತೀರಾ? ಬ್ರಾಕೇಜ್ ಅವರು ಶವಪರೀಕ್ಷೆಯನ್ನು ಚಿತ್ರೀಕರಿಸಿದ್ದಾರೆ ಎಂದು ಓದಿದೆ. ನೋಡುವುದಕ್ಕೆ ಮಿತಿ ಇಲ್ಲವೇ?

ಕತ್ತರಿಅಂಟು

ಹೌದು, 1971ರದ್ದು, ಪಿಟ್ಸ್‌ಬರ್ಗಿನ ಶವಾಗಾರದಲ್ಲಿ ತೆಗೆದದ್ದು. 32 ನಿಮಿಷ, ಶಬ್ದವಿಲ್ಲ. ನಾನು ಒಮ್ಮೆ ನೋಡಿದ್ದೇನೆ. ಅಲ್ಲಿ ಕ್ಯಾಮೆರಾ ಬೆಚ್ಚಿ ಬೀಳುವುದು, ಹಿಂದೆ ಸರಿಯುವುದು, ಮತ್ತೆ ಹತ್ತಿರ ಹೋಗುವುದು ಎಲ್ಲ ಕಾಣುತ್ತದೆ. ಹಿಡಿದ ಮನುಷ್ಯ ನೋಡಲು ಹೆಣಗುತ್ತಿದ್ದಾನೆ ಎಂಬುದು ಚಿತ್ರದೊಳಗೇ ಇದೆ. ಹಾಗಾಗಿ ಅದು ಚಪಲದ ಚಿತ್ರ ಅಲ್ಲ ಎನ್ನುತ್ತೇನೆ. ಆದರೆ ಯಾರಿಗೂ ಹೇಳದೆ ಕೇಳದೆ ಅದನ್ನು ತೋರಿಸಬಾರದು, ಮತ್ತು ನೀವು ಈಗಲೇ ಅದರಿಂದ ಶುರುಮಾಡುವ ಅಗತ್ಯವಿಲ್ಲ.

ಬೆಳಕುನೆರಳು

ಅಭ್ಯಾಸ ಕೇಳಿದ್ದಕ್ಕೆ ಹೇಳುತ್ತೇನೆ. ಜೇಮ್ಸ್ ಬೆನ್ನಿಂಗ್ ಎಂಬ ನಿರ್ದೇಶಕರು ಕ್ಯಾಲಿಫೋರ್ನಿಯಾದ ಕಲಾಶಾಲೆಯಲ್ಲಿ ನೋಡುವುದು-ಕೇಳುವುದು ಎಂಬ ತರಗತಿಯನ್ನೇ ನಡೆಸುತ್ತಿದ್ದರು. ವಿದ್ಯಾರ್ಥಿಗಳನ್ನು ಒಂದು ಜಾಗಕ್ಕೆ ಕರೆದುಕೊಂಡು ಹೋಗಿ ಸುಮ್ಮನೆ ಬಿಡುವುದು. ಅವರ ‘13 ಲೇಕ್ಸ್’ (2004) ಕಿರುಚಿತ್ರ ಅಲ್ಲ, ಆದರೂ ಹೆಸರಿಸಲೇಬೇಕು. 13 ಸರೋವರ, ಒಂದೊಂದಕ್ಕೆ ಹತ್ತು ನಿಮಿಷದ ಒಂದೇ ಶಾಟ್, ಅರ್ಧ ನೀರು ಅರ್ಧ ಆಕಾಶ. 400 ಅಡಿಯ 16 ಎಂಎಂ ರೀಲು ಓಡುವುದೇ ಸುಮಾರು 11 ನಿಮಿಷ. ಫಿಲ್ಮ್ ಕಾಲದಲ್ಲಿ ಇಂಥ ಗಡಿಗಳೇ ಶಿಸ್ತು ಕೊಡುತ್ತಿದ್ದವು. ಬೋಲೆಕ್ಸ್ ಕ್ಯಾಮೆರಾದ ಸ್ಪ್ರಿಂಗಿಗೆ ಪೂರ್ತಿ ಕೀ ಕೊಟ್ಟರೂ 28 ಸೆಕೆಂಡು ಅಷ್ಟೇ ಓಡುತ್ತಿತ್ತು. ಅಷ್ಟರಲ್ಲಿ ನೋಡಿ ಮುಗಿಸಬೇಕು. ಫೋನಿಗೆ ಆ ಗಡಿ ಇಲ್ಲ, ನೀವೇ ಹಾಕಿಕೊಳ್ಳಬೇಕು.

ಒಂದು ಜಾಗ ಆರಿಸಿ. ಮೊದಲು ಫೋನ್ ಜೇಬಿನಲ್ಲಿಟ್ಟು ಕಾಲು ಗಂಟೆ ಕೂತುಕೊಳ್ಳಿ. ಆಮೇಲೆ ಫೋನನ್ನು ಟ್ರೈಪಾಡಿಗೋ ಇಟ್ಟಿಗೆಗೋ ಒರಗಿಸಿ, ಅಡ್ಡಲಾಗಿ. ಪರದೆಯ ಮೇಲೆ ಬೆರಳು ಒತ್ತಿ ಹಿಡಿದರೆ ಫೋಕಸ್ಸೂ ಎಕ್ಸ್‌ಪೋಷರೂ ಲಾಕ್ ಆಗುತ್ತವೆ. ಇದನ್ನು ಮರೆಯಬೇಡಿ. ಇಲ್ಲದಿದ್ದರೆ ಬಿಳಿ ಅಂಗಿಯವರೊಬ್ಬರು ಹಾದುಹೋದ ಕೂಡಲೇ ಇಡೀ ಚಿತ್ರ ಕಪ್ಪಾಗುತ್ತದೆ, ಅವರು ಹೋದ ಮೇಲೆ ಮತ್ತೆ ಬೆಳಗುತ್ತದೆ. ಆಗ ನೋಡುತ್ತಿರುವುದು ನೀವಲ್ಲ, ಫೋನ್. ಒಳಗೆ ಟ್ಯೂಬ್‌ಲೈಟ್ ಅಥವಾ ಎಲ್‌ಇಡಿ ಬೆಳಕಿದ್ದರೆ ಶಟರ್ ವೇಗವನ್ನು 1/50 ಅಥವಾ 1/100ಕ್ಕೆ ಇಡಿ. ನಮ್ಮ ಕರೆಂಟು 50 ಹರ್ಟ್ಸ್ ಆದ್ದರಿಂದ ಬೇರೆ ವೇಗದಲ್ಲಿ ಪಟ್ಟೆ ಪಟ್ಟೆಯಾಗಿ ಮಿನುಗುತ್ತದೆ. ನಾಲ್ಕೈದು ನಿಮಿಷ ಕದಲಿಸದೆ ತೆಗೆಯಿರಿ. ಜೂಮ್ ಬೇಡ. ಸಂಗೀತ ಬೇಡ. ಮನೆಗೆ ಬಂದು ನೋಡುವ ಮೊದಲು ಏನೇನು ಕಂಡಿತ್ತು ಎಂದು ಬರೆದಿಡಿ, ಆಮೇಲೆ ಚಿತ್ರ ಹಾಕಿ ನೋಡಿ. ನೀವು ಬರೆಯದೇ ಇದ್ದದ್ದು ಅಲ್ಲಿ ಎಷ್ಟಿದೆ ಎಂಬುದೇ ಪಾಠ.

ಜನರಿದ್ದ ಕಡೆ ಕೇಳಿ ತೆಗೆಯಿರಿ.

ಸಾಧನಕೇರಿ

ಬೆಳಕುನೆರಳು ಅವರು ಹೇಳಿದ್ದು ನಾನೂ ಮಾಡಿ ನೋಡಿದ್ನಿ. ನಮ್ಮ ಓಣ್ಯಾಗ ಹಿಟ್ಟಿನ ಗಿರಣಿ ಐತಿ. ಗಿರಣಿಯವರನ್ನ ಕೇಳಿದ್ನಿ, “ತಕ್ಕೋರಿ, ಏನೈತಿ ಇಲ್ಲಿ ತಗೀಲಿಕ್ಕೆ” ಅಂದ್ರು. ಫೋನ್ ಕಟ್ಟಿ ಮ್ಯಾಲೆ ಇಟ್ಟು ಬಾಜೂಕ ಕುಂತ್ನಿ.

ಮೊದಲ ಕಂಡಿದ್ದು ಎಲ್ಲಾರಿಗೂ ಕಾಣೂದ. ಪಟ್ಟಾ ತಿರಗೂದು, ಡಬ್ಬಿ ಸಾಲು, ಹಿಟ್ಟು ಬೀಳೂ ಬಾಯಿಗೆ ಕಟ್ಟಿದ ಅರಬಿ ಚೀಲ ಉಸಿರು ತುಂಬಿದಂಗ ಉಬ್ಬಿ ನಿಂತಿದ್ದು. ಜ್ವಾಳ ಬೀಸಿದ ಮ್ಯಾಲೆ ಗೋದಿ ಹಾಕೂ ಮುಂದ ಮೊದಲಿನ ಒಂದು ಮುಟಗಿ ಹಿಟ್ಟು ಬ್ಯಾರೆ ಕಡೆ ತಗೀತಾರ, ಅದನ್ನ ನಾ ಇಷ್ಟು ವರ್ಷ ಡಬ್ಬಿ ಹಿಡಕೊಂಡು ನಿಂತ್ರೂ ನೋಡಿದ್ದಿಲ್ಲ. ಆಮ್ಯಾಲೆ ಕಂಡಿದ್ದು ಗಿರಣಿಯವರ ಕಣ್ಣು. ಅವರು ಹಿಟ್ಟು ನೋಡೂದ ಇಲ್ರಿ! ಬೀಳೂ ಹಿಟ್ಟಿಗೆ ಎಡಗೈ ಒಡ್ಡಿ, ಹೆಬ್ಬಟ್ಟು ಮತ್ತ ಬಟ್ಟಿನ ನಡುವ ತಿಕ್ಕಿ, ಬಲಗೈಲೆ ತಿರುಪು ಬಿಗಿ ಮಾಡತಾರ. ಕಣ್ಣು ಮಾತ್ರ ರಸ್ತಾದ ಮ್ಯಾಲೆ. ಕಾಳು ಮುಗೀಲಿಕ್ಕೆ ಬಂತು ಅಂದ್ರ ಕಲ್ಲಿನ ದನಿ ಬದಲಾಗತೈತಿ, ಆ ದನಿ ಕೇಳಿ ತಿರುಗಿ ನೋಡದೇನ ಮುಂದಿನ ಡಬ್ಬಿ ಎತ್ತಿದ್ರು. ನೋಡೂದು ಕಲೀಬೇಕಂತ ಕುಂತಾಂವಗ ನೋಡದೇ ಕೆಲಸಾ ಮಾಡೂ ಮನಶಾ ಕಂಡ. ಅವರ ರೆಪ್ಪಿ ಮ್ಯಾಲೆ ಹಿಟ್ಟು ಕುಂತು ಬೆಳ್ಳಗಾಗಿತ್ತು, ಅದೂ ಮನಿಗೆ ಬಂದು ಫೋನಿನ್ಯಾಗ ನೋಡಿದಾಗ ಕಂಡಿದ್ದು.

ಆದ್ರ ನನ್ನ ಮಾತು ನಾ ಪೂರ್ತಿ ಬಿಟ್ಟಿಲ್ಲ. ನಾ ತಗದಿದ್ದು ಸಿನಿಮಾ ಅಂತ ಇನ್ನೂ ಒಪ್ಪಂಗಿಲ್ಲ. ಅದು ನೋಡೂದಾತು. ಅದನ್ನ ಮತ್ತೊಬ್ಬರು ಕುಂತು ನೋಡೂ ಹಂಗ ಮಾಡ್ಬೇಕಂದ್ರ ಎಲ್ಲಿ ಶುರು ಮಾಡ್ಬೇಕು, ಎಲ್ಲಿ ನಿಲ್ಲಸ್ಬೇಕು ಅನ್ನೂದು ನನಗ ಗೊತ್ತಿಲ್ಲ. ಕತ್ತರಿಅಂಟು ಅವರು ಹೇಳಿದ ದುಡಿಮಿ ಅಲ್ಲೇ ಇರಬೇಕು. ಕಥಿ ಬೇಕು ಅನ್ನಾಂವ ನಾ ಇವತ್ತಿಗೂ. ಈ ಗಿರಣಿಯವರ ಕೈ ಬಗ್ಗೆ ಒಂದು ಕಥಿ ಬರದ್ರ ಎಷ್ಟು ಚಲೋ ಆಗತೈತಿ ಅಂತ ಅನಸ್ಲಿಕ್ಕೆ ಹತ್ತೈತಿ.

ಕತ್ತರಿಅಂಟು

ಎಲ್ಲಿ ನಿಲ್ಲಿಸಬೇಕು ಎಂಬುದಕ್ಕೆ ನನ್ನ ಸಲಹೆ: ಕಲ್ಲಿನ ದನಿ ಬದಲಾಗುವುದು ಎರಡು ಸಲ ಕೇಳಿಸಲಿ. ಮೊದಲ ಸಲ ನೋಡುವವರಿಗೆ ಅದೇನೆಂದು ಗೊತ್ತಾಗುವುದಿಲ್ಲ. ಎರಡನೇ ಸಲ ದನಿ ಬದಲಾದ ಕೂಡಲೇ ಅವರೇ ಮುಂದಿನ ಡಬ್ಬಿಗಾಗಿ ಕಾಯುತ್ತಾರೆ. ಗಿರಣಿಯವರು ಡಬ್ಬಿ ಎತ್ತಿದ ಮೇಲೆ ಕಟ್ ಮಾಡಿ, ಎತ್ತುವ ಮೊದಲಲ್ಲ. ಕಥೆ ಬರೆಯುವುದಾದರೆ ಬರೆಯಿರಿ ಸರ್, ಆದರೆ ಆ ಶಾಟನ್ನು ಕಥೆಗೆಂದು ಮತ್ತೆ ನಟರಿಂದ ಮಾಡಿಸಬೇಡಿ.

ನೀಲಿಪರದೆ

ಸಾಧನಕೇರಿ ಅವರೇ, ಅದನ್ನು ಗಿರಣಿಯವರಿಗೇ ಮೊದಲು ತೋರಿಸಿ. ತಮ್ಮ ಕೈ ಅವರು ಹಾಗೆ ನೋಡಿರುವುದಿಲ್ಲ.

ಬೆಳಕುನೆರಳು

ಚಿತ್ರಗಳನ್ನು ಉಳಿಸಿಕೊಳ್ಳುವ ಮಾತೂ ಬರಲಿ. ಕಲಾವಿದ ಅಕ್ಬರ್ ಪದಮ್ಸೀ 1969ರಿಂದ ಕೆಲವು ವರ್ಷ ನೆಹರು ಫೆಲೋಶಿಪ್ಪಿನ ಹಣದಲ್ಲಿ ಮುಂಬೈಯಲ್ಲಿ ಒಂದು ಕಾರ್ಯಾಗಾರ ನಡೆಸಿದರು. ಚಿತ್ರಕಾರರು, ಕ್ಯಾಮೆರಾದವರು ಒಟ್ಟಿಗೆ ಕೂತು ಕೆಲಸ ಮಾಡುತ್ತಿದ್ದರು. ಕಲಾವಿದೆ ನಳಿನಿ ಮಾಲಾನಿ ಅಲ್ಲಿಗೆ ಬಂದಾಗ ತೀರಾ ಚಿಕ್ಕವರು. ಪದಮ್ಸೀ ಮಾಡಿದ ಎರಡು ಚಿತ್ರಗಳಲ್ಲಿ ‘ಸಿಝಿಜಿ’ ಉಳಿದಿದೆ. ಇನ್ನೊಂದಾದ ‘ಈವೆಂಟ್ಸ್ ಇನ್ ಎ ಕ್ಲೌಡ್ ಚೇಂಬರ್’ ಕಳೆದುಹೋಯಿತು. 2016ರಲ್ಲಿ ನಿರ್ದೇಶಕ ಆಶಿಮ್ ಅಹ್ಲುವಾಲಿಯಾ ಅದೇ ಹೆಸರಿನ ಚಿತ್ರ ಮಾಡಿ, ವಯಸ್ಸಾದ ಪದಮ್ಸೀಯವರ ಜೊತೆ ಕೂತು ಆ ಕಳೆದ ಚಿತ್ರವನ್ನು ಮತ್ತೆ ಕಟ್ಟಲು ನೋಡಿದರು. ಪದಮ್ಸೀಯವರ ಕಾಲದಲ್ಲೇ ಚಿತ್ರಕಾರ ತೈಯಬ್ ಮೆಹ್ತಾ ಫಿಲ್ಮ್ಸ್ ಡಿವಿಷನ್‌ಗಾಗಿ ‘ಕೂಡಲ್’ (1970) ಮಾಡಿದರು, ಬಾಂದ್ರಾದ ಕಸಾಯಿಖಾನೆಯ ದೃಶ್ಯಗಳಿವೆ, ಮಕ್ಕಳಿದ್ದರೆ ಹಾಕಬೇಡಿ. ಬೆಂಗಳೂರಿನವರಿಗೆ ಆಯಿಷಾ ಅಬ್ರಹಾಂ ಅವರ ‘ಸ್ಟ್ರೇಟ್ 8’ (2005) ನೋಡಿ ಎನ್ನುತ್ತೇನೆ. ಟಾಮ್ ಡಿ ಅಗ್ವಿಯಾರ್ ಎಂಬ ಹವ್ಯಾಸಿ ಚಿತ್ರಗಾರರು ನಮ್ಮ ಊರಿನಲ್ಲಿ ತೆಗೆದಿಟ್ಟ ಹಳೆಯ ರೀಲುಗಳಿಂದ ಹುಟ್ಟಿದ ಚಿತ್ರ. ನಿಮ್ಮ ಅಟ್ಟದ ಮೇಲೆ ಸೂಪರ್ 8 (ಮನೆಬಳಕೆಯ ಸಣ್ಣ ಅಳತೆಯ ಫಿಲ್ಮ್) ಡಬ್ಬಿ ಸಿಕ್ಕರೆ ಹಳೇ ಪ್ರೊಜೆಕ್ಟರಿನಲ್ಲಿ ಓಡಿಸಲು ಹೋಗಬೇಡಿ, ಫಿಲ್ಮಿನ ಅಂಚಿನ ತೂತು ಹರಿದೀತು. ಮೊದಲು ಸ್ಕ್ಯಾನ್ ಮಾಡಿಸಿ.

ತುಂಗೆದಂಡೆ

ಎಲ್ಲರಿಗೂ ಕೃತಜ್ಞತೆ. ಮುಂದಿನ ತಿಂಗಳ ಪಟ್ಟಿ ಹೀಗೆ ಮಾಡಿಕೊಂಡಿದ್ದೇವೆ: ಮೊದಲು ‘ಮಾತ್‌ಲೈಟ್’, ಬೆನ್ನಿಗೇ ಅದನ್ನೇ ಇನ್ನೊಮ್ಮೆ. ನಡುವೆ ಯಾರೂ ಮಾತಾಡುವಂತಿಲ್ಲ, ಹಿನ್ನೆಲೆಗೆ ಯಾವ ಸಂಗೀತವನ್ನೂ ಹಾಕುವುದಿಲ್ಲ. ಆಮೇಲೆ ‘ಲಾ ಶಾಂಬ್ರ್’. ಕೊನೆಗೆ ಹುಸೇನರ ಚಿತ್ರವನ್ನೇ ಮತ್ತೆ ಹಾಕುತ್ತೇವೆ, ಅದೇ ಜನ ಈ ಸಲ ಏನು ಕಂಡರು ಎಂದು ಕೇಳಲಿಕ್ಕೆ. ಪರಿಚಯ ಭಾಷಣ ಇಲ್ಲ, ಬೆಳಕುನೆರಳು ಹೇಳಿದ ಒಂದು ಮಾತು ಮಾತ್ರ. ನೀಲಿಪರದೆ ಅವರೇ, ನಿಮ್ಮ ಪ್ರಶ್ನೆಯನ್ನು ನಾನೇ ಎತ್ತುತ್ತೇನೆ. ನೀವೇ ಬಂದು ಆ ಸಂತೆಯ ಚಿತ್ರವನ್ನೂ ತೋರಿಸಿದರೆ ಇನ್ನೂ ಒಳ್ಳೆಯದು. ಸಾಧನಕೇರಿ ಸರ್, ಗಿರಣಿಯವರು ಒಪ್ಪಿದರೆ ನಿಮ್ಮದನ್ನೂ ಪೆನ್‌ಡ್ರೈವಿನಲ್ಲಿ ಕಳಿಸಿ, ಶಬ್ದ ತೆಗೆಯಬೇಡಿ. ಮೊದಲಶಾಟ್, ಮೈಸೂರಿನಿಂದ ರೈಲಿದೆ. ಊಟ, ವಸತಿ ನಮ್ಮದು.

ಮೊದಲಶಾಟ್

ಖಂಡಿತ ಬರುತ್ತೇನೆ ಸರ್. ದೇವರಾಜ ಮಾರುಕಟ್ಟೆಯಲ್ಲಿ ಹೂವು ಕಟ್ಟುವವರೊಬ್ಬರನ್ನು ಕೇಳಿದ್ದೇನೆ, ಶನಿವಾರ ಬೆಳಿಗ್ಗೆ ಬಾ ಅಂದಿದ್ದಾರೆ.